ಬಂದೂಕಿನ ಬಿಡಿಭಾಗಗಳ ಕಾನೂನು ಸ್ಥಾನಮಾನ (ಭಾರತ)

ಬಂದೂಕಿನ ಬಿಡಿಭಾಗಗಳ ತಯಾರಿಕೆ, ಮಾರಾಟ ಹಾಗೂ ಸ್ವಾಧೀನವನ್ನು ಭಾರತದಲ್ಲಿ 1959ರ ಶಸ್ತ್ರಾಸ್ತ್ರ ಕಾಯ್ದೆಯು ನಿಯಂತ್ರಿಸುತ್ತದೆ. ಸಂವಿಧಾನದ ಏಳನೆಯ ಅನುಸೂಚಿಯಲ್ಲಿ ಈ ವಿಷಯವು ಕೇಂದ್ರಪಟ್ಟಿಗೆ ಸೇರಿರುವುದರಿಂದ ಕರ್ನಾಟಕಕ್ಕೂ ಇದೇ ಕಾಯ್ದೆ ಅನ್ವಯಿಸುತ್ತದೆ.

ವ್ಯಾಖ್ಯೆ

ಕಾಯ್ದೆಯ 2ನೆಯ ಕಲಮಿನ ಪ್ರಕಾರ ಬಂದೂಕಿನ ಭಾಗಗಳು ಹಾಗೂ ಬಂದೂಕು ತಯಾರಿಸುವ ಯಂತ್ರಗಳು ಕೂಡ ‘ಬಂದೂಕು’ ಎಂಬ ವ್ಯಾಖ್ಯೆಗೆ ಒಳಪಡುತ್ತವೆ. ಗುಂಡು ಹಾರಿಸಿದಾಗಿನ ಸದ್ದನ್ನು ಅಥವಾ ಬೆಳಕನ್ನು ತಗ್ಗಿಸುವ ಸಾಧನಗಳನ್ನು ಸ್ಪಷ್ಟವಾಗಿ ಉಲ್ಲೇಖಿಸಲಾಗಿದೆ. ಹಿಡಿಕೆಯನ್ನು ಪ್ರತ್ಯೇಕವಾಗಿ ಹೆಸರಿಸಿಲ್ಲ; ಆದುದರಿಂದ ಅದು ಬಂದೂಕಿನ ಭಾಗವೇ ಅಥವಾ ಕೇವಲ ಹೊರಜೋಡಣೆಯೇ ಎಂಬ ಪ್ರಶ್ನೆ ಮುಖ್ಯವಾಗುತ್ತದೆ. ಆಟಿಕೆಯಾಗಿ ಮಾತ್ರ ಬಳಸಬಹುದಾದ, ನಿಜವಾದ ಆಯುಧವಾಗಿ ಮಾರ್ಪಡಿಸಲಾಗದ ವಸ್ತುಗಳಿಗೆ ಕಾಯ್ದೆ ಅನ್ವಯಿಸುವುದಿಲ್ಲ.

ಕಾರ್ಯಾಗಾರಗಳಿಗೆ ಅನ್ವಯ

ಬೆಂಗಳೂರಿನ ಪೀಣ್ಯದಂತಹ ಕೈಗಾರಿಕಾ ಪ್ರದೇಶಗಳ ಸಣ್ಣ ಕಾರ್ಯಾಗಾರಗಳಲ್ಲಿ ಗಿರಾಕಿ ನೀಡಿದ ನಕ್ಷೆಯಂತೆ ಲೋಹದ ಬಿಡಿಭಾಗಗಳನ್ನು ಜಾಬ್ ವರ್ಕ್ ರೂಪದಲ್ಲಿ ತಯಾರಿಸುವುದು ವಾಡಿಕೆ. ತಯಾರಿಸಿದ್ದು ಬಂದೂಕಿನ ಭಾಗವಾಗಿದ್ದರೆ 5ನೆಯ ಕಲಮಿನಡಿ ತಯಾರಿಕಾ ಪರವಾನಗಿ ಕಡ್ಡಾಯ. ಗಿರಾಕಿಯು ಬಂದೂಕು ಹೊಂದಲು ಪಡೆದ ಪರವಾನಗಿಯು ಕಾರ್ಯಾಗಾರಕ್ಕೆ ತಯಾರಿಕೆಯ ಹಕ್ಕನ್ನು ನೀಡುವುದಿಲ್ಲ. ದುರಸ್ತಿ ಮತ್ತು ಮಾರ್ಪಾಡಿಗೂ ಇದೇ ನಿಯಮವಿದೆ.

ಶಿಕ್ಷೆ

2019ರ ತಿದ್ದುಪಡಿಯ ಬಳಿಕ ಪರವಾನಗಿಯಿಲ್ಲದ ತಯಾರಿಕೆಗೆ ಕನಿಷ್ಠ 7 ವರ್ಷಗಳಿಂದ ಜೀವಾವಧಿಯವರೆಗೆ ಸೆರೆವಾಸ ಹಾಗೂ ದಂಡ ವಿಧಿಸಬಹುದು. ಅದಕ್ಕೂ ಮೊದಲು ಈ ಅವಧಿ 3ರಿಂದ 7 ವರ್ಷಗಳಷ್ಟಿತ್ತು.