ಕರಾಚಿಗೆ ಹೋಗಿಬಂದ ಗೋಪಾಲ ರಾವ್

ನಮ್ಮ ಕೂಟಗಲ್ ಕಡೆ ಬೆಟ್ಟ ಇದೆ, ಬಂಡೆ ಇದೆ, ಕೆರೆ ಇದೆ. ಕಡಲು ಮಾತ್ರ ಇಲ್ಲ. ಗಡಿ ಕಾಯುವ ಸೈನಿಕರ ವಿಷಯ ನಾವೆಲ್ಲ ಕೇಳಿದ್ದೇವೆ. ಹಾಗೆಯೇ ಕಡಲು ಕಾಯುವವರೂ ಇದ್ದಾರೆ. ಅವರೇ ನಾವಿಕರು. ಅವರ ಪಡೆಗೆ ನೌಕಾಪಡೆ ಅಂತ ಹೆಸರು. ಆ ಪಡೆಯ ಒಬ್ಬ ವೀರರ ವಿಷಯ ಓದೋಣ.

ಅವರ ಹೆಸರು ಕಾಸರಗೋಡು ಪಟ್ಣಶೆಟ್ಟಿ ಗೋಪಾಲ ರಾವ್. ಹೆಸರಿನ ಮೊದಲಲ್ಲೇ ಕಾಸರಗೋಡು ಇದೆ, ನೋಡಿ. ಆ ಊರು ಈಗ ಕೇರಳದಲ್ಲಿದೆ. ಆದರೂ ಅಲ್ಲಿ ಕನ್ನಡ ಮಾತಾಡುವ ಮನೆಗಳು ಬಹಳ. ಗೋಪಾಲ ರಾವ್ ಹುಟ್ಟಿದ್ದು 1926ರಲ್ಲಿ. ನೌಕಾಪಡೆ ಸೇರಿ ಅಧಿಕಾರಿಯಾದರು. 1971ರಲ್ಲಿ 'ಕಿಲ್ತಾನ್' ಎಂಬ ಯುದ್ಧನೌಕೆ ಅವರ ಕೈಯಲ್ಲಿತ್ತು.

ಆ ವರ್ಷ ಡಿಸೆಂಬರ್ 3ರಂದು ಪಾಕಿಸ್ತಾನ ನಮ್ಮ ಮೇಲೆ ದಾಳಿ ಮಾಡಿತು. ಯುದ್ಧ ಶುರುವಾಯಿತು. ಕರಾಚಿ ಪಾಕಿಸ್ತಾನದ ದೊಡ್ಡ ಬಂದರು. ಎಣ್ಣೆ, ಮದ್ದುಗುಂಡು ಅಲ್ಲಿಗೇ ಬರಬೇಕು. ಆ ಬಾಗಿಲು ಮುಚ್ಚಿದರೆ ಶತ್ರುವಿನ ಬಲ ಕುಗ್ಗುತ್ತದೆ.

ನಮ್ಮ ಬಳಿ ಚಿಕ್ಕ ಕ್ಷಿಪಣಿ ದೋಣಿಗಳಿದ್ದವು. ಕ್ಷಿಪಣಿ ಅಂದರೆ ದೂರ ಹಾರಿಹೋಗಿ ಸಿಡಿಯುವ ಆಯುಧ. ಒಂದೊಂದು ದೋಣಿಯಲ್ಲಿ ನಾಲ್ಕು ಕ್ಷಿಪಣಿ. ದೋಣಿ ಬಲು ವೇಗ. ಆದರೆ ಹೆಚ್ಚು ದೂರ ಹೋಗುವಷ್ಟು ಎಣ್ಣೆ ಹಿಡಿಯುವುದಿಲ್ಲ. ನಮ್ಮ ದಡ ಕಾಯಲೆಂದೇ ಅವನ್ನು ತರಿಸಿದ್ದರು. ಇಂಥ ದೋಣಿಗಳನ್ನು ಶತ್ರುವಿನ ಬಾಗಿಲಿಗೇ ಒಯ್ಯಬೇಕಿತ್ತು.

ಡಿಸೆಂಬರ್ 4ರ ರಾತ್ರಿ 'ನಿಪಾತ್', 'ನಿರ್ಘಾತ್', 'ವೀರ್' ಎಂಬ ಮೂರು ದೋಣಿಗಳು ಹೊರಟವು. ಜೊತೆಗೆ 'ಕಿಲ್ತಾನ್', 'ಕಚ್ಚಾಲ್' ಎಂಬ ಎರಡು ದೊಡ್ಡ ನೌಕೆಗಳು. ಗೋಪಾಲ ರಾವ್ ಈ ಗುಂಪಿನ ನಾಯಕರಲ್ಲೊಬ್ಬರು. ಮೇಲಿಂದ ವಿಮಾನ ಬರಬಹುದು. ನೀರಿನಡಿಯಿಂದ ಜಲಾಂತರ್ಗಾಮಿ ಹೊಡೆಯಬಹುದು. ಇದು ಗೊತ್ತಿದ್ದೂ ಅವರು ಮುಂದೆ ಹೋದರು. ಕ್ಷಿಪಣಿಗಳು ಹಾರಿದವು. ಪಾಕಿಸ್ತಾನದ ಎರಡು ಯುದ್ಧನೌಕೆಗಳು ಮುಳುಗಿದವು.

ನಮ್ಮ ಐದೂ ಹಡಗುಗಳು ಹಿಂತಿರುಗಿದವು. ನಮ್ಮವರು ಒಬ್ಬರೂ ಸಾಯಲಿಲ್ಲ. ಆದರೆ ಆ ಕಡೆ ನೂರಾರು ನಾವಿಕರು ಸತ್ತರು. ಅವರಿಗೂ ತಾಯಿ, ಹೆಂಡತಿ, ಮಕ್ಕಳು ಇದ್ದರು. ಯುದ್ಧ ಅಂದರೆ ಹೀಗೇ. ಗೆದ್ದವರ ಕಥೆಯಲ್ಲೂ ಯಾರದೋ ಕಣ್ಣೀರು ಇರುತ್ತದೆ. ಡಿಸೆಂಬರ್ 16ರಂದು ಢಾಕಾದಲ್ಲಿ ಪಾಕಿಸ್ತಾನದ ಸೈನ್ಯ ಶರಣಾಯಿತು. ಬಾಂಗ್ಲಾದೇಶ ಸ್ವತಂತ್ರವಾಯಿತು.

ಗೋಪಾಲ ರಾವ್ ಅವರಿಗೆ ಸರ್ಕಾರ ಮಹಾವೀರ ಚಕ್ರ ಕೊಟ್ಟಿತು. ಯುದ್ಧದಲ್ಲಿ ತೋರಿದ ಧೈರ್ಯಕ್ಕೆ ಕೊಡುವ ಪದಕಗಳಲ್ಲಿ ಇದು ಎರಡನೆಯದು. ಮೊದಲನೆಯದು ಪರಮವೀರ ಚಕ್ರ. ಪದಕ ಬಂದದ್ದು ನಾಯಕರ ಎದೆಗೆ. ಆದರೆ ಯಂತ್ರ ನಡೆಸಿದವರು, ಅಡಿಗೆ ಮಾಡಿದವರು, ಕತ್ತಲಲ್ಲಿ ಕಣ್ಣಿಟ್ಟು ಕಾದವರು ಎಲ್ಲರೂ ಸೇರಿದ್ದಕ್ಕೇ ಕೆಲಸ ಆಯಿತು. ಡಿಸೆಂಬರ್ 4 ಇಂದಿಗೂ ನೌಕಾಪಡೆಯ ದಿನ. ಗೋಪಾಲ ರಾವ್ 2021ರಲ್ಲಿ ಚೆನ್ನೈನಲ್ಲಿ ತೀರಿಕೊಂಡರು. ಆಗ ಅವರಿಗೆ 94 ವರ್ಷ.

ಇಂಥ ದೋಣಿ ಹೇಗಿರುತ್ತದೆ ಅಂತ ನೋಡುವ ಆಸೆಯೇ? 'ಚಪಲ್' ಎಂಬ ಕ್ಷಿಪಣಿ ದೋಣಿಯನ್ನು ಕಾರವಾರದ ಕಡಲ ದಂಡೆಗೆ ತಂದು ಸಂಗ್ರಹಾಲಯ ಮಾಡಿದ್ದಾರೆ.

ಇದು ಗಂಡಸರ ಕೆಲಸ ಅಂದುಕೊಳ್ಳಬೇಡಿ. 1992ರಿಂದ ಹೆಂಗಸರು ನೌಕಾಪಡೆಯಲ್ಲಿ ಅಧಿಕಾರಿಗಳಾಗುತ್ತಿದ್ದಾರೆ. 2022ರಿಂದ ಹೆಣ್ಣುಮಕ್ಕಳನ್ನು ನಾವಿಕರಾಗಿಯೂ ಸೇರಿಸಿಕೊಳ್ಳುತ್ತಿದ್ದಾರೆ. ಅದಕ್ಕೆ ಶಾಲೆ ಓದಿರಬೇಕು. ನಾವು ತಡವಾಗಿ ಅಕ್ಷರ ಕಲಿತೆವು. ನಮ್ಮ ಹೆಣ್ಣುಮಕ್ಕಳ ಓದು ನಡುವೆ ನಿಲ್ಲದಂತೆ ನೋಡಿಕೊಳ್ಳೋಣ.

ಮಾತಾಡೋಣ:
1. ಚಿಕ್ಕ ದೋಣಿಗಳ ಜೊತೆ ದೊಡ್ಡ ನೌಕೆಗಳು ಏಕೆ ಹೋದವು?
2. ನಿಮ್ಮ ಊರಿನಲ್ಲಿ ಸೈನ್ಯಕ್ಕೆ ಸೇರಿದವರು ಯಾರಿದ್ದಾರೆ?