ಪಂಡಿತನೂ ಪೀಪಾಯಿಯೂ

ಲಂಡನ್ ಸೇತುವೆಯನ್ನು ದಾಟಿ ಥೇಮ್ಸ್ ನದಿಯ ದಕ್ಷಿಣ ದಡವನ್ನು ಸೇರಿದೊಡನೆ ಸಿಗುವ ಸದರ್ಕ್ ಎಂಬ ಪ್ರದೇಶವು, ಬಹುಕಾಲ ಲಂಡನ್ ನಗರದ ಕಟ್ಟುಪಾಡುಗಳಿಗೆ ಬಹುಮಟ್ಟಿಗೆ ಹೊರಗಾಗಿದ್ದು, ಆ ನಗರವು ತನ್ನ ಗೋಡೆಯೊಳಗೆ ಇರಿಸಿಕೊಳ್ಳಲೊಲ್ಲದ ನಾಟಕಶಾಲೆ, ತೊಗಲು ಹದಮಾಡುವ ಕೇರಿ, ಬಿಯರ್ ತಯಾರಿಸುವ ಬ್ರೂವರಿ ಮೊದಲಾದವಕ್ಕೆಲ್ಲ ಆಶ್ರಯವನ್ನಿತ್ತ ನೆಲ. ಷೇಕ್ಸ್‌ಪಿಯರನ ಗ್ಲೋಬ್ ರಂಗಶಾಲೆ ನಿಂತಿದ್ದುದೂ ಇಲ್ಲಿಯೇ. ಈ ನೆಲದ ಚರಿತ್ರೆಯನ್ನೂ, ಇಲ್ಲಿ ಹೊಸದಾಗಿ ತಲೆಯೆತ್ತಿರುವ ಸಣ್ಣ ಬ್ರೂವರಿಗಳ ಬಿಯರನ್ನೂ ಒಂದೇ ನಡಿಗೆಯಲ್ಲಿ ಪರಿಚಯ ಮಾಡಿಕೊಡುವ ಪಾದಚಾರಿ ಪ್ರವಾಸಗಳು ಈಚಿನ ವರ್ಷಗಳಲ್ಲಿ ಜನಪ್ರಿಯವಾಗಿವೆ. ಒಬ್ಬ ಮಾರ್ಗದರ್ಶಕರ ಹಿಂದೆ ಹತ್ತು ಹನ್ನೆರಡು ಮಂದಿ ಮಧ್ಯಾಹ್ನ ಹೊರಡುತ್ತಾರೆ. ಮೂರು ನಾಲ್ಕು ಕಡೆ ಕುಳಿತು, ಅರ್ಧ ಪೈಂಟಿನಷ್ಟು ಮಾತ್ರ ರುಚಿನೋಡಿ, ಕತೆ ಕೇಳುತ್ತ ಸಂಜೆಯ ಹೊತ್ತಿಗೆ ಬರ್ಮಂಡ್ಸಿಯ ರೈಲ್ವೆ ಕಮಾನುಗಳನ್ನು ತಲುಪುತ್ತಾರೆ. ಕುಡಿಯದವರಿಗೆ ಅಡ್ಡಿಯೇನೂ ಇಲ್ಲ, ಚಹ ತರಿಸಿಕೊಳ್ಳಬಹುದು.

ನನ್ನನ್ನು ಅಲ್ಲಿಗೆ ಸೆಳೆದುದು ಪಾನೀಯವಲ್ಲ, ಡಾಕ್ಟರ್ ಜಾನ್ಸನ್. ನಮ್ಮ ಕಾಲೇಜುಗಳಲ್ಲಿ ಇಂಗ್ಲಿಷ್ ಸಾಹಿತ್ಯವನ್ನು ಓದಿದವರಿಗೆಲ್ಲ ಆತನು 1755ರ ನಿಘಂಟುಕಾರನಾಗಿ, ಬಾಸ್ವೆಲ್ಲನು ಬರೆದ ಜೀವನಚರಿತ್ರೆಯ ನಾಯಕನಾಗಿ ಚಿರಪರಿಚಿತನು. ಆದರೆ ಆತನ ಬಾಳಿನ ಉತ್ತರಾರ್ಧದ ಹದಿನಾರು ವರ್ಷಗಳಿಗೆ ನೆಲೆಯನ್ನೂ ಸ್ನೇಹವನ್ನೂ ಒದಗಿಸಿದುದು ಒಂದು ಬ್ರೂವರಿಯ ಆದಾಯ, ಮತ್ತು ಆ ಬ್ರೂವರಿಯ ಯಜಮಾನನ ಪತ್ನಿಯ ಔದಾರ್ಯ ಎಂಬುದನ್ನು ನಾವು ತರಗತಿಯಲ್ಲಿ ಅಡಿಟಿಪ್ಪಣಿಯಾಗಿ ಓದಿದೆವೇ ಹೊರತು, ಅದರ ಮಹತ್ತ್ವವನ್ನು ಎಂದೂ ಮನಗಾಣಲಿಲ್ಲ.

ನಮ್ಮ ಮಾರ್ಗದರ್ಶಕಿ ಅರವತ್ತು ದಾಟಿದ ಮಹಿಳೆ. ಆಕೆಯ ಅಜ್ಜಿ ಸದರ್ಕಿನ ಕೂಲಿಕಾರರ ಮನೆಯವಳು. ಪ್ರತಿ ಸೆಪ್ಟೆಂಬರಿನಲ್ಲಿ ಮಕ್ಕಳುಮರಿ, ಪಾತ್ರೆಪಡಗಗಳೊಡನೆ ಕೆಂಟ್ ಪ್ರಾಂತಕ್ಕೆ, ಬಿಯರಿಗೆ ಹಾಕುವ ಹಾಪ್ಸ್ ಹೂವುಗಳನ್ನು ಕೊಯ್ಯಲು ಹೋಗುತ್ತಿದ್ದಳಂತೆ. ಪೂರ್ವ ಮತ್ತು ದಕ್ಷಿಣ ಲಂಡನ್ನಿನ ಸಾವಿರಾರು ಬಡ ಕುಟುಂಬಗಳಿಗೆ ಹೊಗೆಯಿಲ್ಲದ ಗಾಳಿಯೂ ನಾಲ್ಕು ಕಾಸೂ ಒಟ್ಟಿಗೆ ದೊರೆಯುತ್ತಿದ್ದ ಋತು ಅದೊಂದೇ. ಈ ವೃತ್ತಾಂತವನ್ನು ಆಕೆ ಹೇಳಿದುದು ಬರೋ ಹೈ ಸ್ಟ್ರೀಟಿನ ಪಾದಚಾರಿ ದಾರಿಯಲ್ಲಿ, ಹಾಪ್ಸ್ ಕೊಯ್ಯುವವರ ಶಿಲ್ಪವನ್ನು ಮುಖದಲ್ಲಿ ಧರಿಸಿರುವ ಒಂದು ಹಳೆಯ ದಲ್ಲಾಳಿ ಮಳಿಗೆಯ ಎದುರಿಗೆ.

ಅದೇ ಬೀದಿಯ ಹಳೆಯ ಛತ್ರಗಳ ಸಂಗತಿಯನ್ನು ಬೇಗ ಹೇಳಿ ಮುಂದೆ ಸಾಗುತ್ತೇನೆ. ಚಾಸರ್ ಕವಿಯ ಕಾವ್ಯದ ಯಾತ್ರಿಕರು ಕೂಡಿದ ಟಬಾರ್ಡ್ ಛತ್ರವಿದ್ದ ಅಂಗಳದಲ್ಲಿ ಈಗ ಉಳಿದಿರುವುದು ಸ್ಮಾರಕ ಫಲಕ ಮಾತ್ರ. ಅದರ ನೆರೆಯ ಜಾರ್ಜ್ ಛತ್ರವು 1676ರ ಬೆಂಕಿಯಲ್ಲಿ ಸುಟ್ಟು, ಮರುವರ್ಷ ಮತ್ತೆ ಕಟ್ಟಲ್ಪಟ್ಟು, ರೈಲ್ವೆಯವರ ಕೈಗೆ ಸಿಕ್ಕಿ ಮೂರು ಪಾರ್ಶ್ವಗಳಲ್ಲಿ ಎರಡನ್ನು ಕಳೆದುಕೊಂಡು, ಮೊಗಸಾಲೆಯ ಹಜಾರಗಳುಳ್ಳ ಲಂಡನ್ನಿನ ಕೊನೆಯ ಸಾರೋಟು ಛತ್ರವಾಗಿ ಉಳಿದಿದೆ. 1937ರಿಂದ ನ್ಯಾಷನಲ್ ಟ್ರಸ್ಟ್ ಅದನ್ನು ಕಾಪಾಡಿಕೊಂಡು ಬಂದಿದೆ. ಅದರ ಮರದ ಹಜಾರವು ಎಲ್ಲಿಯೂ ಸಮವಾಗಿಲ್ಲ. ಆ ಬಾಗು ನೋಡಲು ಸೊಗಸಾಗಿದೆ.

ಸದರ್ಕ್ ಬೀದಿಯ ಹಾಪ್ ಎಕ್ಸ್‌ಚೇಂಜ್ ಕಟ್ಟಡದ ಮುಂದೆ ಆಕೆ ತನ್ನ ಚೀಲದಿಂದ ಒಂದು ತಗಡಿನ ಡಬ್ಬಿಯನ್ನು ಹೊರತೆಗೆದಳು. 1860ರ ದಶಕದಲ್ಲಿ ಎದ್ದ ಈ ಭವನಕ್ಕೆ ಗಾಜಿನ ಮಾಡು ಇರಿಸಿದ್ದುದು ಅಲಂಕಾರಕ್ಕಲ್ಲ. ಹಾಪ್ಸಿನ ಬಣ್ಣವನ್ನು ಸಹಜವಾದ ಹಗಲು ಬೆಳಕಿನಲ್ಲಿ ಪರೀಕ್ಷಿಸಿ ವ್ಯಾಪಾರ ಕುದುರಿಸಬೇಕಾಗಿತ್ತು. 1920ರ ಬೆಂಕಿಯ ಬಳಿಕ ಮೇಲಿನ ಅಂತಸ್ತುಗಳನ್ನು ತೆಗೆದುಹಾಕಿದರು. ಡಬ್ಬಿಯಲ್ಲಿದ್ದುದು ಒಣಗಿಸಿದ ಹಾಪ್ಸ್ ಹೂವುಗಳು: ಹೆಬ್ಬೆರಳಿನ ತುದಿಯಷ್ಟು ಗಾತ್ರ, ಒಂದರ ಮೇಲೊಂದು ಹೊದಿಸಿದ ತೆಳುಹಸುರು ಎಸಳುಗಳು, ಹಿಡಿದರೆ ಭಾರವೇ ಇಲ್ಲ. ಪ್ರತಿಯೊಬ್ಬರ ಅಂಗೈಗೂ ಎರಡೆರಡನ್ನು ಹಾಕಿ, ಬಲವಾಗಿ ಉಜ್ಜಿ ಮೂಸಿ ನೋಡಬೇಕೆಂದಳು. ಎಸಳುಗಳು ಪುಡಿಯಾದಂತೆ ಅವುಗಳ ಬುಡದಲ್ಲಿ ಅಡಗಿದ್ದ ಹಳದಿಯ ಹುಡಿ ಅಂಗೈಗೆ ಮೆತ್ತಿಕೊಂಡು ಅಂಟಾಯಿತು. ಮೊದಲು ಹುಲ್ಲಿನ ವಾಸನೆ, ಅನಂತರ ಕಿತ್ತಳೆಯ ಸಿಪ್ಪೆಯ ಪರಿಮಳ, ಕೊನೆಗೆ ನಾಲಗೆಯ ಹಿಂಬದಿಗೆ ತಾನಾಗಿ ಬಂದಿಳಿಯುವ ಕಹಿ. ಬಿಯರಿಗೆ ಕಹಿಯನ್ನು ಕೊಡುವುದೂ, ಅದು ಬೇಗ ಕೆಡದಂತೆ ಕಾಯುವುದೂ ಆ ಹಳದಿಯ ಹುಡಿಯೇ. ಹಾಪ್ಸ್ ಕೊಯ್ದ ಕೈಗಳು ಕಪ್ಪಗಾಗಿ ಎಷ್ಟು ತೊಳೆದರೂ ಬೆಳ್ಳಗಾಗುತ್ತಿರಲಿಲ್ಲವೆಂದೂ, ಆ ಕೈಯಿಂದಲೇ ತಿಂದ ರೊಟ್ಟಿಯ ಕಹಿಯನ್ನು ಅಜ್ಜಿ ಮುಪ್ಪಿನಲ್ಲಿಯೂ ನೆನೆಯುತ್ತಿದ್ದಳೆಂದೂ ಆಕೆ ಹೇಳುವಾಗ, ಗುಂಪಿನಲ್ಲಿ ಯಾರೂ ಅಂಗೈಯನ್ನು ಒರೆಸಿಕೊಳ್ಳಲಿಲ್ಲ.

ಅಲ್ಲಿಂದ ಪಾರ್ಕ್ ಬೀದಿಗೆ. ನೋಡಲು ಅಲ್ಲಿ ಏನೂ ಇಲ್ಲ: ವಸತಿಗೃಹಗಳು, ಕಚೇರಿಗಳು, ಗೋಡೆಗೆ ಹಚ್ಚಿದ ಫಲಕಗಳು. ಆದರೆ 1616ರಲ್ಲಿ ಗ್ಲೋಬ್ ರಂಗಶಾಲೆಯ ಮಗ್ಗುಲಲ್ಲಿ ಆರಂಭವಾದ ಆಂಕರ್ ಬ್ರೂವರಿಯು ಬೆಳೆಬೆಳೆದು, ಕೊನೆಗೆ ಆ ರಂಗಶಾಲೆಯ ನಿವೇಶನವನ್ನೂ ತನ್ನೊಳಗೆ ಸೇರಿಸಿಕೊಂಡು, ಹತ್ತೊಂಬತ್ತನೆಯ ಶತಮಾನದ ಆದಿಯಲ್ಲಿ ಜಗತ್ತಿನಲ್ಲಿಯೇ ಅತ್ಯಂತ ದೊಡ್ಡ ಬ್ರೂವರಿ ಎನಿಸಿಕೊಂಡು ಹರಡಿದ್ದುದು ಈ ಬೀದಿಯ ಇಕ್ಕೆಲಗಳಲ್ಲಿ. ಹದಿನೆಂಟನೆಯ ಶತಮಾನದಲ್ಲಿ ಅದರ ಒಡೆಯನಾಗಿದ್ದವನು ಹೆನ್ರಿ ಥ್ರೇಲ್. ಲಂಡನ್ನಿನ ಹೊರೆಯಾಳುಗಳು ಪ್ರೀತಿಯಿಂದ ಕುಡಿಯುತ್ತಿದ್ದ ಕಪ್ಪುವರ್ಣದ ಪೋರ್ಟರ್ ಬಿಯರ್ ಆತನ ಐಶ್ವರ್ಯದ ಮೂಲ.

1765ರಲ್ಲಿ ಜಾನ್ಸನ್ನನು ಒಂದು ಭೋಜನಕ್ಕೆಂದು ಈ ದಂಪತಿಗಳಲ್ಲಿಗೆ ಬಂದನು. ಪತ್ನಿ ತೀರಿಕೊಂಡು ವರ್ಷಗಳೇ ಕಳೆದಿದ್ದ, ವಿಷಾದವ್ಯಾಧಿಯಿಂದ ಬುದ್ಧಿಭ್ರಮಣೆಯ ಭಯಕ್ಕೆ ಈಡಾಗಿದ್ದ, ಕೀರ್ತಿಯಿದ್ದೂ ಮನೆಯೆಂಬುದಿಲ್ಲದ ಆ ಮಹಾಪಂಡಿತನನ್ನು, ಇಪ್ಪತ್ತನಾಲ್ಕು ವರ್ಷ ಪ್ರಾಯದ ಹೆಸ್ಟರ್ ಥ್ರೇಲ್ ತನ್ನ ಮಕ್ಕಳೊಡನೆ ಮತ್ತೊಬ್ಬ ಕುಟುಂಬಸ್ಥನೆಂಬಂತೆ ಸೇರಿಸಿಕೊಂಡು ಉಪಚರಿಸಿದಳು. ಸ್ಟ್ರೆಥಮ್ಮಿನ ಅವರ ಹಳ್ಳಿಮನೆಯಲ್ಲಿ ಒಂದು ಕೋಣೆ, ಇಲ್ಲಿ ಬ್ರೂವರಿಯ ಮನೆಯಲ್ಲಿ ಇನ್ನೊಂದು ಕೋಣೆ ಆತನಿಗಾಗಿಯೇ ಮೀಸಲಾದುವು. ಕುದಿಯುವ ಮಾಲ್ಟಿನ, ಎಂದರೆ ಮೊಳೆ ಬರಿಸಿ ಒಣಗಿಸಿದ ಬಾರ್ಲಿಯ, ಸಿಹಿಗಂಪು ಕಿಟಕಿಯಿಂದ ಒಳನುಗ್ಗುತ್ತಿದ್ದ ಆ ಕೋಣೆಯಲ್ಲಿ ವಾಸವಾಗಿದ್ದ ಆತನು ಆ ವರ್ಷಗಳಲ್ಲಿ ಬಹುಮಟ್ಟಿಗೆ ಮದ್ಯವನ್ನು ತ್ಯಜಿಸಿದ್ದವನು. ಆತನ ಪಾನೀಯವೆಂದರೆ ಚಹ, ಅದೂ ಲೆಕ್ಕವಿಲ್ಲದಷ್ಟು ಬಟ್ಟಲು.

ಜಾನ್ಸನ್ನನ ಹೃದಯ ಎಂಥದೆಂಬುದು ತಿಳಿಯುವುದು 1772ರ ವಿಪತ್ತಿನಲ್ಲಿ. ಮಾಲ್ಟ್ ಇಲ್ಲದೆ, ಹಾಪ್ಸ್ ಇಲ್ಲದೆ ಬಿಯರ್ ತಯಾರಿಸಿಕೊಡುವೆನೆಂದ ಒಬ್ಬ ರಸಾಯನಜ್ಞನ ಮಾತಿಗೆ ಮರುಳಾಗಿ ಥ್ರೇಲನು ಅಪಾರವಾದ ಹಣವನ್ನು ಕಳೆದನು. ಅದೇ ವರ್ಷ ದೇಶದಲ್ಲಿ ಸಾಲಪತ್ರಗಳ ವ್ಯವಹಾರವೇ ಕುಸಿದು ಬ್ಯಾಂಕುಗಳು ಮುರಿದುಬಿದ್ದುವು. ಯಜಮಾನನು ಕಂಗಾಲಾಗಿ ಮಾತು ಮರೆತು ಕುಳಿತನು. ಆಗ ತುಂಬು ಬಸುರಿಯಾಗಿದ್ದ ಹೆಸ್ಟರ್ ತಾಯಿಯ ಉಳಿತಾಯವನ್ನು ಬೇಡಿ ತಂದು, ಸ್ನೇಹಿತರಲ್ಲಿ ಸಾಲವೆತ್ತಿ, ಬಿಟ್ಟುಹೋಗಲು ಅಣಿಯಾಗಿದ್ದ ಗುಮಾಸ್ತರನ್ನು ಸಂತೈಸಿ ನಿಲ್ಲಿಸಿಕೊಂಡು ಬ್ರೂವರಿಯನ್ನು ಉಳಿಸಿದಳು. ಆಕೆಗೆ ಬೆನ್ನಾಗಿ ನಿಂತವರು ಇಬ್ಬರು: ಬ್ರೂವರಿಯ ಮ್ಯಾನೇಜರ್ ಪರ್ಕಿನ್ಸ್ ಮತ್ತು ಜಾನ್ಸನ್. ಲ್ಯಾಟಿನ್ ಕವಿಗಳನ್ನು ಕಂಠಪಾಠವಾಗಿ ಒಪ್ಪಿಸಬಲ್ಲವನು ಆ ಬಳಿಕ ತನ್ನ ಪತ್ರಗಳಲ್ಲಿ ಮಾಲ್ಟಿನ ಧಾರಣೆಯನ್ನೂ ಬ್ರೂವರಿಯ ಲೆಕ್ಕವನ್ನೂ ವಿಚಾರಿಸುತ್ತ ಹೋಗುತ್ತಾನೆ. ಅನ್ನವಿಕ್ಕಿದ ಮನೆಯ ಕಷ್ಟಕ್ಕೆ ಆಗಬೇಕೆಂಬ ಧರ್ಮವು ನಮ್ಮ ಹಳ್ಳಿಯ ಮುದುಕರಿಗೆ ತಿಳಿದಿದ್ದಷ್ಟು ಚೆನ್ನಾಗಿ ಆತನಿಗೂ ತಿಳಿದಿತ್ತು.

ಲಂಡನ್ನಿನಲ್ಲಿ ಎದ್ದ 1780ರ ಗಾರ್ಡನ್ ದಂಗೆಯಲ್ಲಿ ಬ್ರೂವರಿಗೆ ಬೆಂಕಿ ಹಚ್ಚಲೆಂದು ಬಂದ ಗುಂಪಿಗೆ ಪರ್ಕಿನ್ಸನು ಬೇಕಾದಷ್ಟು ಬಿಯರ್ ಕೊಟ್ಟು ತಡೆದು, ಅಷ್ಟರಲ್ಲಿ ಸೈನ್ಯವನ್ನು ಕರೆಸಿದನಂತೆ. ಮರುವರ್ಷ ಏಪ್ರಿಲಿನಲ್ಲಿ ಥ್ರೇಲನು ತೀರಿಕೊಂಡಾಗ ಆತನ ಉಯಿಲನ್ನು ನೆರವೇರಿಸುವವರಲ್ಲಿ ಜಾನ್ಸನ್ನನೂ ಒಬ್ಬನಾದನು. ಬ್ರೂವರಿಯನ್ನು ಮಾರುವ ದಿನ ಆ ಸ್ಥೂಲಕಾಯದ ಮುದುಕನು ಮಸಿಕುಡಿಕೆಯನ್ನೂ ಲೇಖನಿಯನ್ನೂ ಅಂಗಿಯ ಗುಂಡಿಗೆ ಸಿಕ್ಕಿಸಿಕೊಂಡು ಅತ್ತಿಂದಿತ್ತ ಸಂಭ್ರಮದಿಂದ ಓಡಾಡುತ್ತಿದ್ದನೆಂದೂ, ಆಸ್ತಿಯ ಬೆಲೆ ಎಷ್ಟಿರಬಹುದೆಂದು ಕೇಳಿದವರಿಗೆ, ನಾವಿಲ್ಲಿ ಮಾರಲು ಬಂದಿರುವುದು ಹಂಡೆ ಕೊಪ್ಪರಿಗೆಗಳ ರಾಶಿಯನ್ನಲ್ಲ, ಲೋಭಿಯ ಕನಸಿಗೂ ಮೀರಿ ಧನಿಕರಾಗುವ ಅವಕಾಶವನ್ನು ಎಂಬರ್ಥದ ಉತ್ತರ ಕೊಟ್ಟನೆಂದೂ ಬಾಸ್ವೆಲ್ಲನು ಬರೆದಿಟ್ಟಿದ್ದಾನೆ. ಬಾರ್ಕ್ಲೆ ಮನೆತನದವರು 1,35,000 ಪೌಂಡು ಕೊಟ್ಟು ಕೊಂಡರು, ಪರ್ಕಿನ್ಸನು ಪಾಲುದಾರನಾದನು. ಅಲ್ಲಿಗೆ ಆ ಮನೆಯ ಋಣ ಹರಿಯಿತು. ಮೂರು ವರ್ಷಗಳ ಮೇಲೆ ಹೆಸ್ಟರ್ ಇಟಲಿಯ ಸಂಗೀತಗಾರನೊಬ್ಬನನ್ನು ಮದುವೆಯಾದಳು. ಜಾನ್ಸನ್ನನು ಕಟುವಾದ ಪತ್ರವನ್ನು ಬರೆದು ಸ್ನೇಹವನ್ನು ಕಡಿದುಕೊಂಡನು. ಅದೇ 1784ರ ಡಿಸೆಂಬರಿನಲ್ಲಿ ಕಾಲವಶನಾದನು. ಆತನು ಹೆಸ್ಟರಳಿಗೆ ನ್ಯಾಯ ಮಾಡಲಿಲ್ಲವೆಂದೇ ನನ್ನ ಭಾವನೆ. ನಮ್ಮ ಮಾರ್ಗದರ್ಶಕಿಯದೂ ಅದೇ ಅಭಿಪ್ರಾಯ; ಬೀದಿಯ ಫಲಕಗಳಲ್ಲಿ ಗಂಡಸರ ಹೆಸರು ಓದಿ ಮುಗಿಸಿದ ಮೇಲೆ, ಈ ಬ್ರೂವರಿಯನ್ನು ಉಳಿಸಿದವಳು ಆಕೆ ಎಂದು ಗಟ್ಟಿಯಾದ ದನಿಯಲ್ಲಿ ಹೇಳಿಯೇ ಮುಂದಡಿಯಿಟ್ಟಳು. ಮುಂದಿನ ಕಾಲದಲ್ಲಿ ಬಾರ್ಕ್ಲೆ ಪರ್ಕಿನ್ಸ್ ಸಂಸ್ಥೆಯು ತನ್ನ ಬಿಯರಿನ ಜಾಹೀರಾತಿಗೆ ಚಹಪ್ರಿಯನಾದ ಜಾನ್ಸನ್ನನ ಮುಖವನ್ನೇ ಮುದ್ರೆಯಾಗಿ ಬಳಸಿಕೊಂಡಿತು.

ಅದೇ ಬೀದಿಯ ಇನ್ನೊಂದು ಫಲಕ ಹೈನೌ ಎಂಬ ಆಸ್ಟ್ರಿಯದ ಸೇನಾಪತಿಯದು. ಇಟಲಿ ಮತ್ತು ಹಂಗೆರಿಗಳ ದಂಗೆಗಳನ್ನು ಕ್ರೌರ್ಯದಿಂದ ಅಡಗಿಸಿ, ಸ್ತ್ರೀಯರಿಗೂ ಛಡಿಯೇಟು ಹೊಡೆಸಿದನೆಂಬ ಅಪಕೀರ್ತಿ ಪಡೆದಿದ್ದ ಆತನು 1850ರಲ್ಲಿ ಬ್ರೂವರಿಯನ್ನು ನೋಡಲು ಬಂದಾಗ, ಹೆಸರನ್ನು ಗುರುತಿಸಿದ ಗಾಡಿಯಾಳುಗಳು ಪೊರಕೆ ಹಿಡಿದು ಅಟ್ಟಿಸಿಕೊಂಡು ಹೋದರು. ನದಿಯ ದಡದ ಪಾನಗೃಹವೊಂದರಲ್ಲಿ ಅಡಗಿ, ಪೊಲೀಸರ ದೋಣಿಯಲ್ಲಿ ಆತ ಪಾರಾದನು. 1864ರಲ್ಲಿ ಇಂಗ್ಲೆಂಡಿಗೆ ಬಂದ ಇಟಲಿಯ ಸ್ವಾತಂತ್ರ್ಯವೀರ ಗ್ಯಾರಿಬಾಲ್ಡಿಯು ಆ ಕೆಲಸಗಾರರನ್ನು ಕಾಣಲೆಂದೇ ಇಲ್ಲಿಗೆ ಬಂದಿದ್ದನು. 1955ರಲ್ಲಿ ಬಾರ್ಕ್ಲೆ ಪರ್ಕಿನ್ಸ್ ಸಂಸ್ಥೆ ಕರೇಜ್ ಎಂಬ ಇನ್ನೊಂದು ಬ್ರೂವರಿಯೊಡನೆ ಸೇರಿಹೋಯಿತು. 1981ರಲ್ಲಿ ಕಟ್ಟಡಗಳೂ ನೆಲಸಮವಾದುವು.

ಪಯಣದ ಕೊನೆಯ ಘಟ್ಟ ಬರ್ಮಂಡ್ಸಿ. 1836ರಲ್ಲಿ ಲಂಡನ್ ಸೇತುವೆಯಿಂದ ಗ್ರಿನಿಚ್ ಕಡೆಗೆ 878 ಇಟ್ಟಿಗೆಯ ಕಮಾನುಗಳ ಮೇಲೆ ಹೊರಟ ರೈಲುಮಾರ್ಗ ಲಂಡನ್ನಿನ ಮೊತ್ತಮೊದಲನೆಯದು. ಆ ಕಮಾನುಗಳ ಕೆಳಗೆ 2009ರಲ್ಲಿ ಕರ್ನಲ್ ಎಂಬ ಸಣ್ಣ ಬ್ರೂವರಿ ಆರಂಭವಾಯಿತು. ಅದರ ಹಿಂದೆಯೇ ಒಂದೊಂದಾಗಿ ಇತರರು ಬಂದು ನೆಲೆಸಿದರು. ತಲೆಯ ಮೇಲೆ ರೈಲು ಗುಡುಗಿದಾಗಲೆಲ್ಲ ಮಾತು ನಿಲ್ಲಿಸಬೇಕು. ಬಿಯರ್ ತಯಾರಿಸುವ ಕ್ರಮವನ್ನು ಅಲ್ಲಿಯ ಯುವಕನೊಬ್ಬನು ವಿವರಿಸಿದನು: ಮೊಳೆ ಬರಿಸಿ ಒಣಗಿಸಿದ ಬಾರ್ಲಿಯನ್ನು ಬಿಸಿನೀರಿನಲ್ಲಿ ನೆನೆಸಿ ಸಿಹಿರಸವನ್ನು ಬಸಿಯುವುದು, ಹಾಪ್ಸ್ ಹಾಕಿ ಕುದಿಸುವುದು, ಆರಿಸಿ ಯೀಸ್ಟ್ ಬೆರೆಸಿ ಹುಳಿಯಲು ಬಿಡುವುದು; ಪೋರ್ಟರಿಗಾದರೆ ಕಂದು ಮಾಲ್ಟ್. ಕರ್ನಲ್ ಬ್ರೂವರಿ ಹತ್ತೊಂಬತ್ತನೆಯ ಶತಮಾನದ ಲಂಡನ್ನಿನ ಹಳೆಯ ಪಾಕಗಳನ್ನು ಹುಡುಕಿ ತೆಗೆದು ಮತ್ತೆ ಬಳಕೆಗೆ ತಂದಿದೆ. ಅವುಗಳಲ್ಲಿ ಒಂದರ ಹೆಸರು ಎಕ್ಸ್‌ಪೋರ್ಟ್ ಇಂಡಿಯಾ ಪೋರ್ಟರ್. ಈಸ್ಟ್ ಇಂಡಿಯಾ ಕಂಪನಿಯ ಹಡಗುಗಳಲ್ಲಿ ನಮ್ಮ ದೇಶಕ್ಕೆ ಬಂದ ಬಿಯರಿನಲ್ಲಿ ಬಿಳಿಯ ಅಧಿಕಾರಿಗಳ ಪಾಲಿಗೆ ಪೇಲ್ ಏಲ್, ಸಾಮಾನ್ಯ ಸೈನಿಕರ ಪಾಲಿಗೆ ಹೆಚ್ಚಾಗಿ ಈ ಕಪ್ಪು ಪೋರ್ಟರ್. ಸಮುದ್ರದ ಬಿಸಿಲನ್ನು ತಾಳಬೇಕೆಂದು ಅದಕ್ಕೆ ಹಾಪ್ಸನ್ನು ಧಾರಾಳವಾಗಿ ಹಾಕುತ್ತಿದ್ದರು. ನಾನು ರುಚಿನೋಡಿದುದು ಒಂದೆರಡು ಗುಟುಕು ಮಾತ್ರ. ಕಾಫಿಬೀಜವನ್ನು ತುಸು ಹೆಚ್ಚಾಗಿ ಹುರಿದಾಗಿನ ಕಹಿ, ಅದರ ಹಿಂದೆ ಅಂಗೈಯಲ್ಲಿ ಆಗಷ್ಟೇ ಉಜ್ಜಿದ್ದ ಹೂವಿನ ಕಹಿ.

ಈ ಸಣ್ಣ ಉದ್ಯಮಗಳ ಸ್ಥಿತಿ ಸುಭದ್ರವಲ್ಲ. 2019ರಲ್ಲಿ ಇಂಗ್ಲೆಂಡ್ ಮತ್ತು ವೇಲ್ಸಿನ ಸಾವಿರಾರು ರೈಲ್ವೆ ಕಮಾನುಗಳು 146 ಕೋಟಿ ಪೌಂಡುಗಳಿಗೆ ಖಾಸಗಿ ಹೂಡಿಕೆದಾರರ ಕೈ ಸೇರಿದುವು; ಬಾಡಿಗೆಯ ಹೆಚ್ಚಳದ ವಿರುದ್ಧ ಬಾಡಿಗೆದಾರರು ಸಂಘಟಿತರಾಗಬೇಕಾಯಿತು. ಬಾಡಿಗೆಯೊಂದೇ ಅಲ್ಲ, ಮಾಲ್ಟಿನ ಬೆಲೆ, ವಿದ್ಯುತ್ತಿನ ಬೆಲೆ, ಸುಂಕ, ಎಲ್ಲವೂ ಏರಿವೆ. ಸಣ್ಣವರನ್ನು ದೊಡ್ಡವರು ಕೊಂಡುಕೊಳ್ಳುವುದೂ ನಡೆದಿದೆ. ಬೀದಿಯ ನೆನಪನ್ನು ಹೊತ್ತು ತಿರುಗುವ ಇಂಥ ನಡಿಗೆಗಳು ವಾರಕ್ಕೊಮ್ಮೆ ನಾಲ್ಕು ಜನ ಗಿರಾಕಿಗಳನ್ನು ಕಮಾನಿನ ಬಾಗಿಲಿಗೆ ಕರೆದೊಯ್ಯುವುದಾದರೂ, ಅದರಿಂದ ಕೊಂಚ ಬಲ ಬಂದೀತೆಂದು ನಂಬಲು ಮನಸ್ಸಾಗುತ್ತದೆ.

ಹಿಂದಿರುಗುವಾಗ ನನ್ನ ಚಿತ್ತ ಬೆಂಗಳೂರಿಗೆ ಹೋಯಿತು. 1809ರಲ್ಲಿ ಬ್ರಿಟಿಷರ ದಂಡು ಬಂದು ಬೀಡುಬಿಟ್ಟ ಊರು ಅದು. ಬೆಂಗಳೂರು ಬ್ರೂಯಿಂಗ್ ಕಂಪನಿ 1885ರದು. 1915ರಲ್ಲಿ ಅದೂ ನೀಲಗಿರಿಯ ಬ್ರೂವರಿಗಳೂ ಮೊದಲಾದವು ಸೇರಿ ಯುನೈಟೆಡ್ ಬ್ರೂವರೀಸ್ ಆಯಿತು. ಪೀಪಾಯಿಗಳನ್ನು ಎತ್ತಿನ ಗಾಡಿಗಳ ಮೇಲೆ ಹೇರಿ ದಂಡಿನ ಸೈನಿಕರಿಗೆ ಒಯ್ಯುತ್ತಿದ್ದರೆಂದು ಆ ಕಂಪನಿಯ ಚರಿತ್ರೆ ಹೇಳುತ್ತದೆ. ಇಂದು ಅದೇ ಕಂಪನಿಯ ಹೆಸರನ್ನು ಹೊತ್ತು ಹಳೆಯ ಗ್ರಾಂಟ್ ರಸ್ತೆಯಲ್ಲಿ ಎದ್ದಿರುವ ಯುಬಿ ಸಿಟಿಯ ಗಾಜಿನ ಗೋಪುರಗಳ ನಡುವೆ ಸಾವಿರಾರು ಜನ ದಿನವೂ ಓಡಾಡುತ್ತಾರೆ. ನಗರದ ಹೊಸ ಬ್ರೂವರಿಗಳಲ್ಲಿ ಸಂಜೆಯಾದರೆ ಕಾಲಿಡಲು ಸ್ಥಳವಿಲ್ಲ. ಯೆಂಡಕುಡುಕ ರತ್ನನ ಮಾತಿಗೆ ಮನಸೋತ ನಾಡಿನಲ್ಲಿ, ಆ ಗಾಡಿ ಹೊಡೆದವರು ಯಾವ ಹಳ್ಳಿಯವರು, ಬಾರ್ಲಿ ಎಲ್ಲಿಂದ ಬರುತ್ತಿತ್ತು, ಕುದಿಯುವ ಹಂಡೆಯ ಬಳಿ ರಾತ್ರಿಯೆಲ್ಲ ನಿಲ್ಲುತ್ತಿದ್ದವರ ಮೊಮ್ಮಕ್ಕಳು ಹಲಸೂರಿನಲ್ಲೋ ಶಿವಾಜಿನಗರದಲ್ಲೋ ಈಗಲೂ ಇದ್ದಾರೆಯೇ ಎಂದು ವಿಚಾರಿಸಿಕೊಂಡು, ಒಂದು ಭಾನುವಾರ ಬೆಳಗ್ಗೆ ಹತ್ತು ಜನರನ್ನು ಹಿಂದಿಟ್ಟುಕೊಂಡು ಆ ರಸ್ತೆಯಲ್ಲಿ ನಡೆಸಿ ತೋರಿಸುವವರು ನಮ್ಮಲ್ಲಿಯೂ ಹುಟ್ಟಬಾರದೇ? ನೆನಪುಳ್ಳ ಮುದುಕರು ವರ್ಷವರ್ಷಕ್ಕೂ ಕಡಮೆಯಾಗುತ್ತಿದ್ದಾರೆ.