ನಿವೃತ್ತಿ ಮಡಿಕೇರಿಯಲ್ಲಿ, ಲೆಕ್ಕ ಬೆಂಗಳೂರಿನಲ್ಲಿ

ಮಡಿಕೇರಿಯಲ್ಲಿ ಸರ್ಕಾರಿ ಕೆಲಸ ಮಾಡಿ ನಿವೃತ್ತರಾದಿರಿ. ಹಾರ-ಶಾಲು ಬಂತು, ಜಿಪಿಎಫ್ (ಸಾಮಾನ್ಯ ಭವಿಷ್ಯ ನಿಧಿ) ಹಣ ಬರಲಿಲ್ಲ. ಖಾತೆಯ ಲೆಕ್ಕ ಇರುವುದು ಬೆಂಗಳೂರಿನ ಮಹಾಲೇಖಪಾಲರ ಕಚೇರಿಯಲ್ಲಿ. ಸಂಬಳದಲ್ಲಿ ಕಡಿತವಾದ ಕಂತು ಅಲ್ಲಿ ಜಮೆಯಾಗದಿದ್ದರೆ ತಕರಾರು ಶುರು. ಹಳೆಯ ಸಂಬಳ ಚೀಟಿಗಳನ್ನು ದಯವಿಟ್ಟು ಗುಜರಿಗೆ ಹಾಕಬೇಡಿ!

ಕಚೇರಿಗೆ ಕೊಟ್ಟ ಮನವಿಗೆ ಬೆಲೆ ಸಿಗದಿದ್ದರೆ ಕೆಎಸ್‌ಎಟಿ, ಅಂದರೆ ರಾಜ್ಯ ಆಡಳಿತ ನ್ಯಾಯಮಂಡಳಿ. ಪೀಠಗಳು ಬೆಳಗಾವಿ, ಕಲಬುರಗಿಯಲ್ಲೂ ಇವೆ. ಕೊಡಗಿನವರು ಮಾತ್ರ ಘಟ್ಟ ಇಳಿದು ಬೆಂಗಳೂರಿಗೇ ಹೋಗಬೇಕು.

ತಡವಾದದ್ದಕ್ಕೆ ಬಡ್ಡಿ? 1984ರಲ್ಲಿ, ಪಕ್ಕದ ಕೇರಳದ ಪ್ರಕರಣ: ಖಜಾನೆ ಕೊನೆಯ ವೇತನ ಪ್ರಮಾಣಪತ್ರ ಕೊಡದೆ ಪಿಂಚಣಿ, ಗ್ರಾಚ್ಯುಟಿ ಎರಡು ವರ್ಷ ದಾಟಿತ್ತು. ಇವು ಸರ್ಕಾರದ ಔದಾರ್ಯವಲ್ಲ, ಬಡ್ಡಿ ಕಟ್ಟಿ ಎಂದಿತು ಸುಪ್ರೀಂ ಕೋರ್ಟ್. ಪಿಎಫ್ ಅಂತೂ ನಿಮ್ಮದೇ ಸಂಬಳದ ದುಡ್ಡು.

ಅಂದಹಾಗೆ, ಸಾಲ ಕೊಟ್ಟವರು ಇದನ್ನು ಜಪ್ತಿ ಮಾಡಿಸಲಾರರು. 1925ರ ಭವಿಷ್ಯ ನಿಧಿ ಕಾಯ್ದೆ ಅಡ್ಡ ನಿಂತಿದೆ.